ಅಮೀರ ಟಾಕೀಸಿನ ಅಮೀರಬಾಯಿ

ಹಳ್ಳಿಯಿಂದ ವಿಜಯಪುರಕ್ಕೆ ಓದಲು ಬಂದವರಿಗೆ ಊರಿನ ದಿಕ್ಕು ಹತ್ತುವುದು ಎರಡು ಬಗೆಯ ಹೆಸರುಗಳಿಂದ. ಒಂದು, ಆದಿಲ್‌ಶಾಹಿ ಕಾಲದವು: ಗೋಳಗುಮ್ಮಟ, ಬಾರಾಕಮಾನ್, ತಾಜ್ ಬಾವಡಿ. ಇನ್ನೊಂದು, ಟಾಕೀಸುಗಳ ಹೆಸರು. ಅಮೀರ ಟಾಕೀಸ್ ಎಂಬ ಹೆಸರು ನಮ್ಮ ಕಿವಿಗೆ ಬಿದ್ದದ್ದು ಹಾಗೆ, ದಾರಿ ಕೇಳುವಾಗ. ಅಮೀರ ಎಂದರೆ ಸಿರಿವಂತ. ಯಾರೋ ಸಾಹುಕಾರ ಕಟ್ಟಿಸಿ ತನ್ನ ಹೆಸರು ಇಟ್ಟಿರಬೇಕು ಎಂದುಕೊಳ್ಳುವುದು ಸಹಜ. ನಮ್ಮ ವಾರಿಗೆಯ ಹೆಚ್ಚಿನವರು ಹಾಗೆಯೇ ತಿಳಿದಿದ್ದಾರೆ.

ಆ ಅಮೀರ ಗಂಡಸಲ್ಲ, ಹುಟ್ಟಾ ಸಿರಿವಂತರೂ ಅಲ್ಲ. ಅವರು ಅಮೀರಬಾಯಿ ಕರ್ನಾಟಕಿ. ಬೀಳಗಿಯಲ್ಲಿ ಹುಟ್ಟಿ, ಮುಂಬಯಿಗೆ ಹೋಗಿ, ಸಿನಿಮಾದಲ್ಲಿ ನಟಿಸಿ, ಹಾಡಿ ಗಳಿಸಿದ ಹಣದಿಂದ ತಮ್ಮ ಜಿಲ್ಲೆಯ ಊರಿನಲ್ಲಿ ಟಾಕೀಸ್ ಕಟ್ಟಿಸಿದ ಹೆಣ್ಣುಮಗಳು. ಸಿನಿಮಾದ ಇತಿಹಾಸ ಓದುವಾಗ ನಮಗೆ ಬಾಂಬೆ ಟಾಕೀಸ್ ಬಂತು, ಅಶೋಕ್ ಕುಮಾರ್ ಬಂದರು, 1943ರ ‘ಕಿಸ್ಮತ್’ ಬಂತು. ಆ ಚಿತ್ರದ ನಾಯಕಿಯ ಗಂಟಲು ನಮ್ಮ ಕಡೆಯದು ಎಂಬ ಮಾತು ಮಾತ್ರ ಬರಲಿಲ್ಲ. ನಮ್ಮಲ್ಲಿ ಕೆಲವರು ತಿಕೋಟಾ ಕಡೆಯವರು, ಕೆಲವರು ಬಬಲೇಶ್ವರ ಕಡೆಯವರು. ಈ ಬರಹದ ಅರ್ಧ ಕಥೆ ಆ ಎರಡು ದಾರಿಗಳಲ್ಲೇ ಇರುವುದರಿಂದ ಮೊದಲು ದಾರಿಗಳ ಮಾತು.

ವಿಜಯಪುರದಿಂದ ಬಬಲೇಶ್ವರ ದಾಟಿ ದಕ್ಷಿಣಕ್ಕೆ ಹೋದರೆ ಕೃಷ್ಣೆ ಸಿಗುತ್ತಾಳೆ. ಗಲಗಲಿ ಹತ್ತಿರ ಹೊಳೆ ದಾಟಿದರೆ ಅದು ಬೀಳಗಿ ತಾಲ್ಲೂಕು. ಈಗ ಬೀಳಗಿ ಬಾಗಲಕೋಟೆ ಜಿಲ್ಲೆಗೆ ಸೇರಿದೆ. ಆದರೆ ಆ ಜಿಲ್ಲೆ ಬೇರೆಯಾದದ್ದು 1997ರಲ್ಲಿ. ಅಮೀರಬಾಯಿ ಹುಟ್ಟಿದಾಗ, ಅಂದರೆ ಇಪ್ಪತ್ತನೆಯ ಶತಮಾನದ ಆರಂಭದ ವರ್ಷಗಳಲ್ಲಿ, ಹೊಳೆಯ ಎರಡೂ ದಂಡೆ ಬಿಜಾಪುರ ಜಿಲ್ಲೆಯೇ. ಮೇಲಿನ ಸರ್ಕಾರ ಮುಂಬಯಿಯದು. ಕಾಗದಪತ್ರ, ಕೋರ್ಟು, ಸಂತೆಪೇಟೆ, ನಾಟಕ ಎಲ್ಲವೂ ನಮ್ಮವರನ್ನು ಎಳೆಯುತ್ತಿದ್ದದ್ದು ಪುಣೆ, ಮುಂಬಯಿ ಕಡೆಗೆ. ಬೆಂಗಳೂರು ಆಗ ಬೇರೆ ರಾಜ್ಯದ, ಬೇರೆ ರಾಜರ ಊರು. 1880ರ ದಶಕದಲ್ಲಿ ಗದಗ–ಹೊಟಗಿ ರೈಲು ಬಂದ ಮೇಲೆ ವಿಜಯಪುರದಲ್ಲಿ ರೈಲು ಹತ್ತಿ ಹೊಟಗಿಯಲ್ಲಿ ಇಳಿದು ದೊಡ್ಡ ಗಾಡಿ ಹಿಡಿದರೆ ನೇರ ಮುಂಬಯಿ.

ಇನ್ನೊಂದು ದಾರಿ ಪಡುವಣಕ್ಕೆ. ಊರು ಬಿಟ್ಟ ಸ್ವಲ್ಪ ಹೊತ್ತಿಗೆ ತೊರವಿ. ಎರಡನೇ ಇಬ್ರಾಹಿಂ ಆದಿಲ್‌ಶಾಹ ನವರಸಪುರ ಕಟ್ಟಿಸಿದ್ದು ಇಲ್ಲಿಯೇ. ಸಂಗೀತದ ಹುಚ್ಚಿನ ಆ ಸುಲ್ತಾನನ ಸಂಗೀತ ಮಹಲು ಇಂದಿಗೂ ಮುರಿದು ನಿಂತಿದೆ. ಅದೇ ತೊರವಿಯಲ್ಲಿ ಈಗ ಅಕ್ಕಮಹಾದೇವಿ ಮಹಿಳಾ ವಿಶ್ವವಿದ್ಯಾಲಯವಿದೆ. ಮುಂದೆ ತಿಕೋಟಾ, ತೆಲಸಂಗ, ಅಥಣಿ, ಆಮೇಲೆ ಮಿರಜ, ಸಾಂಗಲಿ, ಕೊಲ್ಹಾಪುರ. ಇಂದು ತಿಕೋಟಾದವರು ಈ ದಾರಿಯಲ್ಲಿ ಒಣದ್ರಾಕ್ಷಿ ಹೇರಿಕೊಂಡು ಸಾಂಗಲಿ ಮಾರುಕಟ್ಟೆಗೆ ಹೋಗುತ್ತಾರೆ. ನೂರು ವರ್ಷದ ಹಿಂದೆ ಇತ್ತಕಡೆಯ ಗಾಯಕರು, ನಾಟಕದವರು ಮಿರಜ, ಕೊಲ್ಹಾಪುರದ ಕಡೆ ಹೋಗಿಬರುತ್ತಿದ್ದರು. ಕನ್ನಡದ ಮೊದಲ ಮಾತಿನ ಚಿತ್ರ ‘ಸತಿ ಸುಲೋಚನಾ’ ತಯಾರಾದದ್ದೂ ಬೆಂಗಳೂರಿನಲ್ಲಲ್ಲ, ಈ ದಾರಿಯ ತುದಿಯ ಕೊಲ್ಹಾಪುರದ ಸ್ಟುಡಿಯೊದಲ್ಲಿ. ಅದು ತೆರೆಕಂಡದ್ದು 1934ರ ಮಾರ್ಚ್ 3ರಂದು. ಅದೇ 1934ರಲ್ಲಿ ‘ವಿಷ್ಣು ಭಕ್ತಿ’ ಎಂಬ ಹಿಂದಿ ಚಿತ್ರದಿಂದ ಅಮೀರಬಾಯಿ ಬೆಳ್ಳಿತೆರೆಗೆ ಬಂದರು. ಅಂದರೆ ಕನ್ನಡ ಚಿತ್ರ ಮಾತಾಡಲು ಕಲಿತ ವರ್ಷವೇ ಈ ಕನ್ನಡದ ಹುಡುಗಿ ಹಿಂದಿ ಚಿತ್ರದಲ್ಲಿದ್ದರು.

ಅವರನ್ನು ಅಲ್ಲಿಗೆ ಕರೆತಂದವರು ಅಕ್ಕ ಗೋಹರಬಾಯಿ. ಹಾಡು, ನಾಟಕ ಬದುಕಿನ ಭಾಗವಾಗಿದ್ದ ಮುಸ್ಲಿಂ ಮನೆ ಅದು. ನಮ್ಮ ಭಾಗದಲ್ಲಿ ಇದೇನೂ ವಿಚಿತ್ರವಲ್ಲ. ಬನಶಂಕರಿ ಜಾತ್ರೆಯಲ್ಲಿ ಇಂದಿಗೂ ಸಾಲುಸಾಲು ನಾಟಕ ಕಂಪನಿಗಳು ಟೆಂಟು ಹೊಡೆಯುತ್ತವೆ. ಅಲ್ಲಿ ಹಾಡುವವರು ಯಾವ ಜಾತಿ ಎಂದು ಯಾರೂ ಟಿಕೆಟಿನ ಜೊತೆ ಕೇಳುವುದಿಲ್ಲ. ಕೇಳುವುದೆಲ್ಲ ಟೆಂಟಿನ ಹೊರಗೆ, ಅದೂ ಹೆಣ್ಣುಮಕ್ಕಳ ವಿಷಯದಲ್ಲಿ. ಆಗಿನ ರಂಗಭೂಮಿಯಲ್ಲಿ ಹೆಣ್ಣು ಪಾತ್ರಗಳನ್ನು ಬಹುಪಾಲು ಗಂಡಸರೇ ಮಾಡುತ್ತಿದ್ದರು. ಮರಾಠಿಯ ಬಾಲಗಂಧರ್ವರು ಹೆಸರಾದದ್ದೇ ಸ್ತ್ರೀಪಾತ್ರಗಳಿಂದ. ನಮ್ಮ ಏಣಗಿ ಬಾಳಪ್ಪನವರೂ ಆರಂಭದಲ್ಲಿ ಸೀರೆ ಉಟ್ಟವರೇ. ಗಂಡಸು ಸೀರೆ ಉಟ್ಟರೆ ಕಲೆ, ಹೆಂಗಸು ಸೀರೆ ಉಟ್ಟು ಅದೇ ರಂಗದ ಮೇಲೆ ನಿಂತರೆ ಮನೆತನದ ಮಾತು. ಗೋಹರಬಾಯಿ, ಅಮೀರಬಾಯಿ ಈ ಮಾತಿನ ನಡುವೆಯೇ ಕೆಲಸಕ್ಕೆ ನಿಂತವರು.

ಅವರ ಹೆಸರಿನ ಕೊನೆಯ ‘ಕರ್ನಾಟಕಿ’ಯ ಬಗ್ಗೆ ಒಂದು ಮಾತು ಹೇಳಲೇಬೇಕು. ನಮ್ಮ ಕಡೆ ಯಾರೂ ಹಾಗೆ ಹೇಳುವುದಿಲ್ಲ. ಬೀಳಗಿಯ ಅಮೀರಬಾಯಿ ಎನ್ನುತ್ತೇವೆ, ಬೀಳಗಿಯವರು ಎನ್ನುತ್ತೇವೆ. ‘ಕರ್ನಾಟಕಿ’ ಹೊರಗಿನವರು ಕರೆದ ರೂಪ; ಮರಾಠಿ, ಹಿಂದಿ ನಾಲಗೆಯದು. ಅಂಬಾಲಾದ ಜೊಹ್ರಾಬಾಯಿ ‘ಅಂಬಾಲೇವಾಲಿ’ ಆದಂತೆ ಇವರು ಕರ್ನಾಟಕಿ ಆದರು. ಆ ಕಾಲದಲ್ಲಿ ಮುಂಬಯಿಯ ರಣಜಿತ್ ಸ್ಟುಡಿಯೊದಲ್ಲಿ ಗೋಹರ್ ಎಂಬ ದೊಡ್ಡ ತಾರೆಯೇ ಇದ್ದರು. ಕಲಕತ್ತೆಯ ಗೌಹರ್ ಜಾನ್ ಹೆಸರು ಗ್ರಾಮೊಫೋನ್ ಕೇಳಿದವರಿಗೆಲ್ಲ ಗೊತ್ತಿತ್ತು. ಇಷ್ಟು ಗೋಹರುಗಳ ನಡುವೆ ನಮ್ಮ ಗೋಹರಬಾಯಿಗೆ ಊರಿನ ಗುರುತು ಬೇಕೇ ಬೇಕಿತ್ತು ಎಂದು ನಮಗನಿಸುತ್ತದೆ. ಸೋಜಿಗ ಏನೆಂದರೆ, ಆಗ ಕರ್ನಾಟಕ ಎಂಬ ರಾಜ್ಯವೇ ಇರಲಿಲ್ಲ. ಕನ್ನಡ ನಾಡು ಒಂದಾದದ್ದು 1956ರಲ್ಲಿ, ಅದೂ ಮೈಸೂರು ರಾಜ್ಯ ಎಂಬ ಹೆಸರಿನಲ್ಲಿ. ‘ಕರ್ನಾಟಕ’ ಎಂಬ ಹೆಸರು ಬಂದದ್ದು 1973ರ ನವೆಂಬರ್ 1ರಂದು. ಅಷ್ಟರಲ್ಲಿ ಅಕ್ಕತಂಗಿ ಇಬ್ಬರೂ ತೀರಿಹೋಗಿದ್ದರು. ಏಕೀಕರಣದ ಭಾಷಣಗಳಲ್ಲಿ ಇವರ ಹೆಸರು ನಾವು ಕಂಡಿಲ್ಲ. ಹಿಂದಿ ಚಿತ್ರಗಳ ಹೆಸರುಪಟ್ಟಿಯಲ್ಲಿ ಮಾತ್ರ ಇಲ್ಲದ ರಾಜ್ಯದ ಹೆಸರನ್ನು ಇವರು ವರ್ಷಗಟ್ಟಲೆ ಹೊತ್ತು ತಿರುಗಿದರು.

ಮಾತಿನ ಚಿತ್ರ ಬಂದ ಹೊಸದರಲ್ಲಿ ನಟಿ ಎಂದರೆ ಹಾಡಬಲ್ಲವಳು ಎಂದೇ ಅರ್ಥ. ಕ್ಯಾಮೆರಾದ ಎದುರು ನಿಂತು, ಮರೆಯಲ್ಲಿ ಕೂತ ಪೆಟಿಗೆ, ತಬಲಾದವರ ಜೊತೆ ಸ್ವಂತ ದನಿಯಲ್ಲಿ ಹಾಡಬೇಕು. ಇದು ಅಮೀರಬಾಯಿಗೆ ಒಗ್ಗುವ ಕೆಲಸ. ಆದರೆ 1935ರಲ್ಲಿ ಕಲಕತ್ತೆಯ ನ್ಯೂ ಥಿಯೇಟರ್ಸ್ ಹಿನ್ನೆಲೆ ಗಾಯನ ಶುರುಮಾಡಿತು. ಮುಖ ಒಬ್ಬರದು, ದನಿ ಇನ್ನೊಬ್ಬರದು ಆಗಬಹುದು ಎಂದು ಗೊತ್ತಾದ ದಿನವೇ ಹಾಡುವ ನಟಿಯರ ಬದುಕು ಎರಡು ಹೋಳಾಯಿತು. ಮುಖ ಚೆನ್ನಾಗಿದ್ದವರು ತೆರೆಯ ಮುಂದೆ, ಗಂಟಲು ಚೆನ್ನಾಗಿದ್ದವರು ತೆರೆಯ ಹಿಂದೆ. ಅಮೀರಬಾಯಿ ಆ ದಶಕದಲ್ಲಿ ಚಿತ್ರದ ಮೇಲೆ ಚಿತ್ರ ಮಾಡಿದರೂ ದೊಡ್ಡ ನಾಯಕಿ ಆಗಲಿಲ್ಲ. ಪೋಷಕ ಪಾತ್ರ, ಒಂದೆರಡು ಹಾಡು, ಹೀಗೇ ನಡೆಯಿತು. 1940ರಲ್ಲಿ ವಿಜಯ ಭಟ್ಟರ ‘ನರಸಿ ಭಗತ್’ ಬಂತು. ವಿಷ್ಣುಪಂತ ಪಾಗನೀಸ್ ನರಸಿ ಮೆಹತಾ, ಜೊತೆಗೆ ದುರ್ಗಾ ಖೋಟೆ, ಅಮೀರಬಾಯಿಯೂ ಇದ್ದರು. ನರಸಿ ಮೆಹತಾರ ಆ ಹೆಸರಾದ ವೈಷ್ಣವ ಭಜನೆ ಇವರ ದನಿಯಲ್ಲಿ ಜನರಿಗೆ ಹಿಡಿಸಿತು. ಗಾಂಧೀಜಿಗೂ ಅದು ಮೆಚ್ಚಿಗೆಯಾಗಿತ್ತು ಎಂಬ ಮಾತು ಇವರ ಕುರಿತು ಬರೆದವರೆಲ್ಲರಲ್ಲೂ ಬರುತ್ತದೆ. ಬೀಳಗಿಯ ಮುಸ್ಲಿಂ ಹೆಣ್ಣುಮಗಳು ಗುಜರಾತಿ ಸಂತನ ಪದ ಹಾಡಿ ಜನ ಗೆದ್ದದ್ದಕ್ಕೆ ಆಗ ಯಾರೂ ಹುಬ್ಬೇರಿಸಲಿಲ್ಲ.

ಆಮೇಲೆ ‘ಕಿಸ್ಮತ್’. ಗ್ಯಾನ್ ಮುಖರ್ಜಿ ನಿರ್ದೇಶನ, ಅನಿಲ್ ಬಿಸ್ವಾಸ್ ಸಂಗೀತ, ಕವಿ ಪ್ರದೀಪರ ಹಾಡುಗಳು. ಅಶೋಕ್ ಕುಮಾರ್ ಇದರಲ್ಲಿ ಕಿಸೆಗಳ್ಳ. ಕಲಕತ್ತೆಯ ರಾಕ್ಸಿ ಟಾಕೀಸಿನಲ್ಲಿ ಮೂರು ವರ್ಷಕ್ಕೂ ಹೆಚ್ಚು ಕಾಲ ಓಡಿತು. ಒಂದು ಕೋಟಿ ಗಳಿಸಿದ ಮೊದಲ ಭಾರತೀಯ ಚಿತ್ರ ಇದೇ ಎನ್ನುತ್ತಾರೆ. ಇದರ ನಾಯಕಿ ರಾಣಿಯ ಕಥೆಯನ್ನು ಸ್ವಲ್ಪ ನಿಧಾನವಾಗಿ ನೋಡಬೇಕು. ರಾಣಿಯ ಅಪ್ಪ ಒಮ್ಮೆ ನಾಟಕ ಥಿಯೇಟರಿನ ಮಾಲೀಕ. ಮಗಳನ್ನು ಮಿತಿಮೀರಿ ಕುಣಿಸಿ ಕಾಲು ಊನ ಮಾಡಿದವ ಆತನೇ. ಈಗ ಎಲ್ಲ ಕಳೆದುಕೊಂಡಿದ್ದಾನೆ. ತನ್ನ ಮನೆತನದ್ದಾಗಿದ್ದ ರಂಗದ ಮೇಲೆಯೇ ರಾಣಿ ಕೂಲಿಗೆ ಹಾಡುತ್ತಾಳೆ. ತೆರೆಯ ಮೇಲೆ ಊರುಗೋಲು ಹಿಡಿದು ನಿಂತ ಮುಖ ಮುಮ್ತಾಜ್ ಶಾಂತಿಯದು. ಹಾಡುವ ದನಿ ಅಮೀರಬಾಯಿಯದು.

ಕ್ವಿಟ್ ಇಂಡಿಯಾ ಚಳವಳಿ ನಡೆದು ಕೆಲವೇ ತಿಂಗಳಾಗಿತ್ತು. ನಾಯಕರೆಲ್ಲ ಜೈಲಿನಲ್ಲಿದ್ದರು. ಆ ಹೊತ್ತಿನಲ್ಲಿ ‘ಕಿಸ್ಮತ್’ನ ರಂಗದ ದೃಶ್ಯವೊಂದರಲ್ಲಿ, ಹಿಂದೂಸ್ತಾನ ನಮ್ಮದು, ಹೊರಗಿನವರು ದೂರ ಸರಿಯಿರಿ ಎಂಬ ಅರ್ಥದ ಹಾಡು ಕೇಳಿಬಂತು. ಅಮೀರಬಾಯಿ, ಖಾನ್ ಮಸ್ತಾನಾ, ಹಿಂದೆ ಮೇಳ. ಹಾಡಿನಲ್ಲಿ ಜರ್ಮನ್, ಜಪಾನಿಯರ ಹೆಸರು ಇದ್ದುದರಿಂದ ಬ್ರಿಟಿಷರ ಸೆನ್ಸಾರಿಗೆ ಅದು ಯುದ್ಧದ ಪರವಾದ ಹಾಡಿನಂತೆ ಕಂಡಿತು. ಕೇಳಿದ ಜನರಿಗೆ ಯಾರು ದೂರ ಸರಿಯಬೇಕೆಂದು ಬಿಡಿಸಿ ಹೇಳಬೇಕಿರಲಿಲ್ಲ. ಚಿತ್ರಮಂದಿರಗಳಲ್ಲಿ ಆ ಹಾಡನ್ನು ಮತ್ತೆ ಹಾಕಿ ಎಂದು ಜನ ಕೂಗಿದರು, ರೀಲು ಹಿಂದಕ್ಕೆ ತಿರುಗಿಸಿ ಹಾಕಿದರು ಎಂಬುದು ಸಿನಿಮಾ ಇತಿಹಾಸದಲ್ಲಿ ಉಳಿದಿದೆ. ಹಾಡು ಬರೆದ ಪ್ರದೀಪರು ಬಂಧನದ ಭಯದಿಂದ ಕೆಲ ಕಾಲ ತಲೆಮರೆಸಿಕೊಳ್ಳಬೇಕಾಯಿತು. ಸ್ವಾತಂತ್ರ್ಯ ಹೋರಾಟ ಎಂದಾಗ ನಮ್ಮ ಜಿಲ್ಲೆಯ ಪಟ್ಟಿಯಲ್ಲಿ ಜೈಲಿಗೆ ಹೋದವರ ಹೆಸರುಗಳಿವೆ, ಇರಲೇಬೇಕು. ಆದರೆ ಆ ಪಟ್ಟಿ ಮಾಡಿದವರು ಈ ಗಂಟಲನ್ನೂ ಒಮ್ಮೆ ನೆನೆದಿದ್ದರೆ ಅವರ ಗಂಟೇನೂ ಹೋಗುತ್ತಿರಲಿಲ್ಲ.

‘ಕಿಸ್ಮತ್’ನಲ್ಲಿ ಇನ್ನೂ ಬೇರೆ ಹಾಡುಗಳಿವೆ. ಮೋಡವನ್ನು ಮೆಲ್ಲಗೆ ಬಾ ಎಂದು ಬೇಡುವ ಜೋಗುಳದಂಥ ಹಾಡನ್ನು ಅಶೋಕ್ ಕುಮಾರ್ ಜೊತೆ ಕೇಳಿದರೆ ಅಮೀರಬಾಯಿಯ ದನಿ ಎಂಥದೆಂದು ತಿಳಿಯುತ್ತದೆ. ಅದು ಸಪೂರ ದನಿಯಲ್ಲ. ತುಸು ಅಗಲ, ಎದೆಯಿಂದ ಬರುವ ಭಾರ, ಸ್ವರ ಏರುವಾಗ ಒಂದಿಷ್ಟು ಸೀಳು. ಮೈಕಿಲ್ಲದ ಕಾಲದಲ್ಲಿ ಟೆಂಟಿನ ಕೊನೆಯ ಸಾಲಿನವರೆಗೂ ಮುಟ್ಟಬೇಕಾಗಿದ್ದ ನಾಟಕದ ದನಿಯ ಮನೆತನ ಅದು. ಬಯಲುಸೀಮೆಯ ಹೆಣ್ಣುಮಕ್ಕಳು ಬೀಸುವಾಗ, ಕುಟ್ಟುವಾಗ ಹಾಡುತ್ತಿದ್ದ ದನಿಗೆ ಇದು ಹತ್ತಿರ ಎಂದು ನಮಗನ್ನಿಸಿದೆ. ಇದು ಸಂಗೀತ ಬಲ್ಲವರ ಮಾತಲ್ಲ, ಅಂಥ ಹಾಡು ಕೇಳಿ ಬೆಳೆದವರ ಅಂದಾಜು.

ಮುಂದಿನ ನಾಲ್ಕೈದು ವರ್ಷ ಅವರದೇ. 1944ರಲ್ಲಿ ನೌಷಾದರ ‘ರತನ್’; ಜೊಹ್ರಾಬಾಯಿ, ಅಮೀರಬಾಯಿ ಹಾಡುಗಳು ಬೀದಿಬೀದಿಯಲ್ಲಿ. 1946ರಲ್ಲಿ ಗುಜರಾತಿ ಚಿತ್ರ ‘ರಾಣಕದೇವಿ’. ತನ್ನ ಹಳ್ಳಿಗೆ ಒಮ್ಮೆಯಾದರೂ ಬಂದುಹೋಗೆಂದು ಕರೆಯುವ ಅವರ ಹಾಡನ್ನು ಗುಜರಾತಿನವರು ಇಂದಿಗೂ ತಮ್ಮದೆಂದು ಹಾಡುತ್ತಾರೆ. ಹಾಡಿದವರ ಹಳ್ಳಿ ಕೃಷ್ಣೆಯ ದಂಡೆಯದು ಎಂದು ಅವರಿಗೂ ಗೊತ್ತಿರಲಿಕ್ಕಿಲ್ಲ. 1947ರಲ್ಲಿ ಸಿ. ರಾಮಚಂದ್ರರ ‘ಶೆಹನಾಯಿ’. 1948ರಲ್ಲಿ ‘ಶಹನಾಜ್’ ಚಿತ್ರಕ್ಕೆ ಅವರೇ ಸಂಗೀತ ನಿರ್ದೇಶಕಿ. ಗಂಡಸರೇ ತುಂಬಿದ್ದ ಕೆಲಸ ಅದು; ಸರಸ್ವತಿ ದೇವಿಯಂಥ ಒಬ್ಬಿಬ್ಬರನ್ನು ಬಿಟ್ಟರೆ ಹೆಂಗಸರಿಗೆ ಪೆಟಿಗೆಯ ಹಿಂದಿನ ಕುರ್ಚಿ ಸಿಗುತ್ತಿರಲಿಲ್ಲ. ಮಹಮ್ಮದ್ ರಫಿ ಆ ಚಿತ್ರದಲ್ಲಿ ಇವರ ಕೈಕೆಳಗೆ ಹಾಡಿದರು. ಒಟ್ಟು ಸುಮಾರು 150 ಚಿತ್ರಗಳಲ್ಲಿ 380ರಷ್ಟು ಹಾಡು ಎಂಬುದು ಅವರ ಬಗ್ಗೆ ಸಾಮಾನ್ಯವಾಗಿ ಕೊಡುವ ಲೆಕ್ಕ. ‘ಕನ್ನಡ ಕೋಗಿಲೆ’ ಎಂಬ ಬಿರುದೂ ಬಂತು.

ದುಡ್ಡು ಬಂತು. ದುಡಿಯುವ ಹೆಣ್ಣಿನ ದುಡ್ಡಿಗೆ ಏನಾಗುತ್ತದೆಂಬ ಕಥೆ ಮುಂಬಯಿಯಲ್ಲೂ ಒಂದೇ, ಬಬಲೇಶ್ವರದಲ್ಲೂ ಒಂದೇ. ಅವರು ಮದುವೆಯಾದದ್ದು ಹಿಮಾಲಯವಾಲಾ ಎಂಬ ಹೆಸರಿನ ನಟನನ್ನು. ಖಳನ ಪಾತ್ರಗಳಿಂದ ಗುರುತಾದವ. ಮನೆಯಲ್ಲೂ ಆತ ಹಿಂಸೆ ಕೊಡುತ್ತಿದ್ದ, ಇವರ ಗಳಿಕೆಯ ಮೇಲೆ ಕಣ್ಣಿಟ್ಟಿದ್ದ ಎಂಬುದು ಅವರ ಜೀವನ ಬರೆದವರಿಂದ ತಿಳಿಯುತ್ತದೆ. ವಕೀಲರ ನೆರವಿನಿಂದ ಬಿಡುಗಡೆ ಪಡೆದರು. ದೇಶ ವಿಭಜನೆಯಾದ ಮೇಲೆ ಆತ ಪಾಕಿಸ್ತಾನಕ್ಕೆ ಹೋದ. ಅಮೀರಬಾಯಿ ಇಲ್ಲಿಯೇ ಉಳಿದರು. ಆ ದಿನಗಳಲ್ಲಿ ನೂರ್‌ಜಹಾನ್, ಖುರ್ಷಿದ್ ಅವರಂಥ ದೊಡ್ಡ ಗಾಯಕಿ–ನಟಿಯರು ಗಡಿ ದಾಟಿದ್ದನ್ನು ನೆನೆದರೆ, ಉಳಿಯುವುದೂ ಒಂದು ತೀರ್ಮಾನವೇ. ಮುಂದೆ ಪತ್ರಕರ್ತ ಬದ್ರಿ ಕಾಂಚವಾಲಾ ಅವರನ್ನು ಮದುವೆಯಾದರು. ಈ ಸಂಸಾರ ನೆಮ್ಮದಿಯದಾಗಿತ್ತು ಎನ್ನುತ್ತಾರೆ.

ಅಕ್ಕನ ಕಥೆ ಇನ್ನೊಂದು ಬಗೆಯದು. ಅದನ್ನು ಬಿಟ್ಟರೆ ತಂಗಿಯದು ಪೂರ್ತಿಯಾಗುವುದಿಲ್ಲ. ಸಿನಿಮಾದಲ್ಲಿ ನೆಲೆ ಕಂಡಿದ್ದ ಗೋಹರಬಾಯಿ 1938ರ ಸುಮಾರಿಗೆ ಅದನ್ನು ಬಿಟ್ಟು ಬಾಲಗಂಧರ್ವರ ನಾಟಕ ಮಂಡಳಿ ಸೇರಿದರು. ಬಾಲಗಂಧರ್ವರಿಗೆ ಆಗ ಐವತ್ತು ವಯಸ್ಸು. ಸಿನಿಮಾ ಬಂದು ನಾಟಕದ ಗಲ್ಲಾ ಬರಿದಾಗಿತ್ತು, ಸಾಲ ತಲೆಯ ಮೇಲಿತ್ತು. ಗೋಹರಬಾಯಿ ಬಂದ ಮೇಲೆ ಸ್ತ್ರೀಪಾತ್ರಗಳನ್ನು ಅವರೇ ಮಾಡತೊಡಗಿದರು, ಬಾಲಗಂಧರ್ವರು ಪುರುಷ ಪಾತ್ರಕ್ಕೆ ಬಂದರು. ಅವರ ಮೊದಲ ಹೆಂಡತಿ 1940ರಲ್ಲಿ ತೀರಿಕೊಂಡರು. 1951ರಲ್ಲಿ ಇಬ್ಬರೂ ಮದುವೆಯಾದರು. ಮಹಾರಾಷ್ಟ್ರದ ಅಭಿಮಾನಿಗಳು ಇದನ್ನು ಸುಲಭಕ್ಕೆ ಕ್ಷಮಿಸಲಿಲ್ಲ. ತಮ್ಮ ಗಂಧರ್ವನನ್ನು ಕೆಡಿಸಿದವಳು ಎಂಬ ಹಣೆಪಟ್ಟಿ ಗೋಹರಬಾಯಿಗೆ ಅಂಟಿತು. ಮುಸ್ಲಿಂ, ಹೆಣ್ಣು, ಹೊರಗಿನವಳು: ಮೂರೂ ಸೇರಿದರೆ ಕೇಳಬೇಕೆ? ಲೆಕ್ಕ ಹಾಕಿದರೆ ಇಳಿಗಾಲದಲ್ಲಿ ಜೊತೆಗೆ ನಿಂತವರು ಗೋಹರಬಾಯಿ. ಏರುಗಾಲದ ಚಪ್ಪಾಳೆಯವರಲ್ಲಿ ಎಷ್ಟು ಮಂದಿ ಆಗ ಆ ಮನೆಗೆ ಹೋದರೋ! ಅಕ್ಕ ಹೀಗೆ ಮುಳುಗುವ ಕಂಪನಿಗೆ ತಮ್ಮ ಬದುಕು ಸುರಿದರು. ತಂಗಿ ಏರುವ ಸಿನಿಮಾದಲ್ಲಿ ಉಳಿದರು. ಇಬ್ಬರಲ್ಲಿ ಜಾಣರು ಯಾರು ಎಂದು ನಮ್ಮೊಳಗೇ ಬಹಳ ವಾದ ನಡೆದಿದೆ, ಬಗೆಹರಿದಿಲ್ಲ.

ಆದರೆ ಸಿನಿಮಾವೂ ಹಿಡಿದವರ ಕೈಯಲ್ಲಿ ನಿಲ್ಲುವಂಥದಲ್ಲ. 1949ರಲ್ಲಿ ‘ಮಹಲ್’, ‘ಬರಸಾತ್’, ‘ಅಂದಾಜ್’ ಒಟ್ಟಿಗೆ ಬಂದವು. ಮೂರರಲ್ಲೂ ಲತಾ ಮಂಗೇಶಕರ್. ತೆಳ್ಳಗಿನ, ನುಣುಪಾದ, ಎಷ್ಟು ಎತ್ತರಕ್ಕೆ ಹೋದರೂ ಬಿರಿಯದ ಆ ದನಿಯ ಮುಂದೆ ಹಿಂದಿನ ತಲೆಮಾರಿನ ದನಿಗಳೆಲ್ಲ ಒಂದೇ ಏಟಿಗೆ ಹಳೆಯವಾದವು. ಜೊಹ್ರಾಬಾಯಿ, ರಾಜಕುಮಾರಿ, ಅಮೀರಬಾಯಿ ಒಬ್ಬೊಬ್ಬರಾಗಿ ಬದಿಗೆ ಸರಿದರು. ಲತಾ ಬಂದು ಎಲ್ಲರನ್ನೂ ಓಡಿಸಿದರು ಎಂದು ಕಥೆ ಹೇಳುವವರಿದ್ದಾರೆ. ನಮಗೆ ಹಾಗೆ ಕಾಣುವುದಿಲ್ಲ. ಮೈಕು ಸುಧಾರಿಸಿತ್ತು, ಟೆಂಟಿನ ಕೊನೆಗೆ ಮುಟ್ಟುವ ಗಂಟಲಿನ ಅಗತ್ಯ ಮುಗಿದಿತ್ತು. ನಾಯಕಿಯರೂ ಬದಲಾಗಿದ್ದರು, ಹೊಸ ಹುಡುಗಿಯ ಮುಖಕ್ಕೆ ಹೊಸ ಹುಡುಗಿಯ ದನಿಯೇ ಬೇಕಿತ್ತು.

ಈ ಬದಲಾವಣೆಯನ್ನು ಒಂದೇ ಹಾಡಿನಲ್ಲಿ ಕೇಳಬೇಕೆಂದರೆ 1950ರ ‘ಸಮಾಧಿ’ ಇದೆ. ಆಜಾದ್ ಹಿಂದ್ ಫೌಜಿನ ಕಥೆಯ ಈ ಚಿತ್ರದಲ್ಲಿ ಇಬ್ಬರು ಹುಡುಗಿಯರು ಕುಣಿಯುವ, ಬೆಳ್ಳಗಿನ ಚೆಲುವನನ್ನು ಕೆಣಕುವ ಹಾಡೊಂದಿದೆ. ಸಿ. ರಾಮಚಂದ್ರರು ಪಾಶ್ಚಾತ್ಯ ಧಾಟಿಯಲ್ಲಿ ಕಟ್ಟಿದ್ದು. ಇಂದಿಗೂ ಮದುವೆ ಮನೆಯ ವಾದ್ಯದವರು ಅದನ್ನು ಬಿಟ್ಟಿಲ್ಲ. ನಳಿನಿ ಜಯವಂತಗೆ ಲತಾರ ದನಿ, ಕುಲದೀಪ್ ಕೌರಗೆ ಅಮೀರಬಾಯಿಯದು. ಹಾಡು ಹಾಕಿಕೊಂಡು ಕಣ್ಣು ಮುಚ್ಚಿ ಕೇಳಿ: ಒಂದು ದನಿ ಒಳಗೆ ಬರುತ್ತಿದೆ, ಇನ್ನೊಂದು ಹೊರಗೆ ಹೋಗುತ್ತಿದೆ. ಹೊರಗೆ ಹೋಗುವ ದನಿಯಲ್ಲೂ ಉತ್ಸಾಹಕ್ಕೇನೂ ಕಡಿಮೆಯಿಲ್ಲ.

ಅನಂತರದ ಒಂದೂವರೆ ದಶಕ ಅಮೀರಬಾಯಿ ಹೆಚ್ಚಾಗಿ ಪೋಷಕ ಪಾತ್ರಗಳಿಗೆ ಮರಳಿದರು. ನಟಿಯಾಗಿ ಬಂದವರು ಗಾಯಕಿಯಾಗಿ ಮೇಲೇರಿ ಕೊನೆಗೆ ಮತ್ತೆ ನಟಿಯಾದರು, ಆದರೆ ಈಗ ತಾಯಿ, ಅತ್ತೆ ವಯಸ್ಸಿನ ಮುಖದೊಂದಿಗೆ.

ಇಷ್ಟು ಹೇಳಿದ ಮೇಲೆ ಟಾಕೀಸಿಗೆ ಬರುತ್ತೇವೆ. ಹೊರಗಿನವರು ಇದನ್ನು ಊರ ಪ್ರೀತಿ ಎಂದಷ್ಟೇ ಬರೆಯುತ್ತಾರೆ. ಪ್ರೀತಿ ಇತ್ತು, ಆದರೆ ಅದರಲ್ಲಿ ಗಟ್ಟಿ ಲೆಕ್ಕವೂ ಇತ್ತೆಂದು ನಮ್ಮ ಅನಿಸಿಕೆ. ಆ ಕಾಲದಲ್ಲಿ ಹಿನ್ನೆಲೆ ಗಾಯಕಿಗೆ ಸಾಮಾನ್ಯವಾಗಿ ಹಾಡಿಗೆ ಒಂದು ಸಲ ಕೊಟ್ಟ ಹಣವೇ ಹಣ. ಚಿತ್ರ ಮೂರು ವಾರ ಓಡಲಿ, ಮೂರು ವರ್ಷ ಓಡಲಿ, ಹಾಡಿದವರಿಗೆ ಮತ್ತೆ ಬಿಡಿಗಾಸಿಲ್ಲ. ರಾಯಧನದ ಜಗಳವನ್ನು ಲತಾ ಎತ್ತಿದ್ದು 1960ರ ದಶಕದಲ್ಲಿ. ಎಷ್ಟೋ ಗ್ರಾಮೊಫೋನ್ ತಟ್ಟೆಗಳ ಮೇಲೆ ಹಾಡಿದವರ ಹೆಸರು ಕೂಡ ಇರುತ್ತಿರಲಿಲ್ಲ. ‘ಮಹಲ್’ನ ಹೆಸರಾದ ಹಾಡಿನ ತಟ್ಟೆಯ ಮೇಲೆ ಅಚ್ಚಾದದ್ದು ಪಾತ್ರದ ಹೆಸರು, ಕಾಮಿನಿ. ‘ಕಿಸ್ಮತ್’ ಓಡಿದಷ್ಟೂ ದಿನ ದುಡ್ಡು ಮಾಡಿದವರು ಟಾಕೀಸಿನ ಮಾಲೀಕರು, ಹಂಚಿಕೆದಾರರು, ಕಂಪನಿಯವರು. ಅದನ್ನು ಹತ್ತಿರದಿಂದ ನೋಡಿದ ಹೆಣ್ಣುಮಗಳು ಒಂದು ಸಲ ಬಂದ ಹಣವನ್ನು, ದಿನಕ್ಕೆ ಮೂರು ಆಟ ಗಲ್ಲಾ ತುಂಬುವ ಕಟ್ಟಡಕ್ಕೆ ಹಾಕಿದರು. ಮುಖ ಮುಪ್ಪಾಗುತ್ತದೆ, ದನಿ ಹಳತಾಗುತ್ತದೆ. ತನ್ನ ಹೆಸರು ಬರೆದ ಗೋಡೆಗೆ ಆ ಭಯವಿಲ್ಲ. ಒಳಗೆ ಯಾರ ದನಿ ಬೇಕಾದರೂ ಹಾಡಲಿ, ಲತಾರದೇ ಹಾಡಲಿ, ಟಿಕೆಟಿನ ದುಡ್ಡು ಬರುವುದು ಇಲ್ಲಿಗೇ. ‘ಕಿಸ್ಮತ್’ನ ರಾಣಿಗೆ ಕೈತಪ್ಪಿಹೋದ ಥಿಯೇಟರು ರಾಣಿಯ ದನಿಗೆ ಸಿಕ್ಕಿತು.

ಅದೂ ಮುಂಬಯಿಯಲ್ಲಲ್ಲ, ಪುಣೆಯಲ್ಲಲ್ಲ, ವಿಜಯಪುರದಲ್ಲಿ. ಗುಂಬಜುಗಳ ಊರಿನಲ್ಲಿ ಹೆಣ್ಣಿನ ಹೆಸರಿನ ಕಟ್ಟಡಗಳು ಇಲ್ಲದೇ ಇಲ್ಲ; ತಾಜ್ ಸುಲ್ತಾನಾಳ ನೆನಪಿನದೆನ್ನುವ ತಾಜ್ ಬಾವಡಿ ಇದೆ, ಇಬ್ರಾಹಿಂ ರೋಜಾದಲ್ಲಿ ಅದೇ ರಾಣಿಯ ಗೋರಿಯೂ ಇದೆ. ಆದರೆ ಅವೆಲ್ಲ ರಾಜಮನೆತನದವು. ಹೆಣ್ಣುಮಗಳೊಬ್ಬಳು ತನ್ನ ದುಡಿಮೆಯಿಂದ ಕಟ್ಟಿಸಿ ತನ್ನದೇ ಹೆಸರಿಟ್ಟ ಕಟ್ಟಡ ಈ ಊರಿನಲ್ಲಿ ಇನ್ನೊಂದು ಹಳೆಯದು ನಮಗೆ ಕಂಡಿಲ್ಲ. ಆಮೇಲೆ ಟಾಕೀಸನ್ನು ಅವರ ಬಳಗದವರು ನಡೆಸಿಕೊಂಡು ಬಂದರು.

ತಿಕೋಟಾ, ಬಬಲೇಶ್ವರ ಕಡೆಯ ಹಳ್ಳಿಯವರಿಗೆ ವಿಜಯಪುರದ ಟಾಕೀಸು ಎಂದರೆ ಬರೀ ಸಿನಿಮಾ ಅಲ್ಲ. ಪೇಟೆಗೆ ಕಾಳು ಹಾಕಲು ಬಂದವರು, ಕೋರ್ಟಿನ ತಾರೀಖಿಗೆ ಬಂದವರು, ಸಂಕ್ರಮಣದ ಸಿದ್ಧೇಶ್ವರ ಜಾತ್ರೆಗೆ ಬಂದವರು ಒಂದು ಆಟ ನೋಡಿಕೊಂಡು ಮರಳುತ್ತಿದ್ದರು. ಉಳಿದ ದಿನ ಹಳ್ಳಿಗೆ ಸಿನಿಮಾ ಬರುತ್ತಿದ್ದದ್ದು ಟೂರಿಂಗ್ ಟಾಕೀಸಿನ ಟೆಂಟಿನಲ್ಲಿ. ಅಮೀರಬಾಯಿಯ ದನಿ ಹಳ್ಳಿಗೆ ಮುಟ್ಟಿದ್ದು ಹೆಚ್ಚಾಗಿ ರೇಡಿಯೊದಿಂದ. ಐವತ್ತರ ದಶಕದ ಆರಂಭದಲ್ಲಿ ಆಕಾಶವಾಣಿ ಸಿನಿಮಾ ಹಾಡುಗಳನ್ನು ದೂರವಿಟ್ಟಾಗ ಜನ ರೇಡಿಯೊ ಸಿಲೋನಿನ ಕಡೆ ಮುಳ್ಳು ತಿರುಗಿಸಿದರು. ಬೆಳಗಿನ ಹೊತ್ತು ಅಲ್ಲಿಂದ ಬರುತ್ತಿದ್ದ ಹಳೆಯ ಚಿತ್ರಗಳ ಹಾಡುಗಳಲ್ಲಿ ಬೀಳಗಿಯ ದನಿಯೂ ಇರುತ್ತಿತ್ತು. ಹೀಗೆ, ಬಬಲೇಶ್ವರದ ದಾರಿಯ ತುದಿಯಲ್ಲಿ ಹುಟ್ಟಿದ ದನಿ ಮುಂಬಯಿಯಲ್ಲಿ ದಾಖಲಾಗಿ, ಸಮುದ್ರದ ಆಚೆಯ ಕೊಲಂಬೊದಿಂದ ಬಬಲೇಶ್ವರಕ್ಕೆ ಬಂತು.

ಗೋಹರಬಾಯಿ 1964ರಲ್ಲಿ ತೀರಿಕೊಂಡರು. ಪಾರ್ಶ್ವವಾಯು ಬಡಿದು ನಾಲ್ಕು ದಿನಕ್ಕೆ, 1965ರ ಮಾರ್ಚ್ 3ರಂದು ಅಮೀರಬಾಯಿ ಹೋದರು. ‘ಸತಿ ಸುಲೋಚನಾ’ ತೆರೆಕಂಡ ತಾರೀಖೂ ಅದೇ ಮಾರ್ಚ್ 3. ಪ್ರತಿ ವರ್ಷ ಅಂದು ಕನ್ನಡ ಚಿತ್ರರಂಗದ ದಿನ ಎಂದು ಬೆಂಗಳೂರಿನಲ್ಲಿ ಮಾತು ನಡೆಯುತ್ತದೆ. ಅದೇ ದಿನ ಹೋದ ಕರ್ನಾಟಕಿಯ ನೆನಪು ಅಲ್ಲಿ ಬರುವುದು ಅಪರೂಪ. ಅವರು ನಟಿಸಿದ್ದು, ಹಾಡಿದ್ದು ಹೆಚ್ಚಾಗಿ ಹಿಂದಿ, ಗುಜರಾತಿಯಲ್ಲಿ ಎಂಬುದು ಕಾರಣವಿರಬಹುದು. ಅವರನ್ನು ಮಣ್ಣು ಮಾಡಿದ್ದು ಮಾತ್ರ ವಿಜಯಪುರದಲ್ಲಿ. ರಹಮತ್ ತರೀಕೆರೆಯವರು ಊರೂರು ತಿರುಗಿ ವಿವರ ಕೂಡಿಸಿ ಅವರ ಬಗ್ಗೆ ಕನ್ನಡದಲ್ಲಿ ಪುಸ್ತಕ ಬರೆಯದಿದ್ದರೆ ಹೊಸ ತಲೆಮಾರಿಗೆ ಇಷ್ಟೂ ತಿಳಿಯುತ್ತಿರಲಿಲ್ಲ.

ಸಿನಿಮಾದ ಬದುಕು ದಾಖಲಾಗಿದೆ; ಟಾಕೀಸಿನ ಬದುಕು ಇನ್ನೂ ಜನರ ಬಾಯಲ್ಲೇ ಇದೆ. ತಿಕೋಟಾ, ಬಬಲೇಶ್ವರ ಈಗ ತಾಲ್ಲೂಕುಗಳು. ಅಲ್ಲಿ ಎಂಬತ್ತು ದಾಟಿದ ಅಜ್ಜಿಯರು, ಮುತ್ಯಾಗಳು ಇನ್ನೂ ಇದ್ದಾರೆ. ಅವರ ಹತ್ತಿರ ಕೂತಾಗ ಕೇಳಿ: ವಿಜಯಪುರದಲ್ಲಿ ಮೊದಲು ನೋಡಿದ ಚಿತ್ರ ಯಾವುದು, ಚಕ್ಕಡಿಯಲ್ಲಿ ಹೋದರೋ ಬಸ್ಸಿನಲ್ಲೋ, ಹೆಂಗಸರು ಎಲ್ಲಿ ಕೂರುತ್ತಿದ್ದರು, ಟಿಕೆಟು ಎಷ್ಟಿತ್ತು, ಟಾಕೀಸಿನ ಅವ್ವ ಎಂದಾದರೂ ಕಣ್ಣಿಗೆ ಬಿದ್ದಿದ್ದರೋ. ಹಳೆಯ ಟ್ರಂಕಿನಲ್ಲಿ ಚಿತ್ರದ ಹಾಡಿನ ಪುಸ್ತಕ, ಗ್ರಾಮೊಫೋನ್ ತಟ್ಟೆ, ಹರಿದ ಟಿಕೆಟಿನ ಚೂರು ಸಿಕ್ಕರೆ ಎಸೆಯಬೇಡಿ. ನಮಗೆ ಸುದ್ದಿ ಮುಟ್ಟಿಸಿ, ನಾವೇ ಬರುತ್ತೇವೆ.